ಅಖ್ತರಿ ಬೇಗಮ್ ಹೊಲಿದ ಹಸಿರು ಬಾವುಟ

ಫ್ರೀವೇ ಪಕ್ಕದ ಆ ಕೋಟೆಗೆ ಕಲ್ಲೂ ಗೊತ್ತಿಲ್ಲ, ಗಾರೆಯೂ ಗೊತ್ತಿಲ್ಲ. ಪ್ಲೈವುಡ್ ಮೇಲೆ ಕಲ್ಲಿನ ಹಾಗೆ ಬಣ್ಣ ಬಳಿದು, ನಾಲ್ಕು ಬುರುಜು ಎಬ್ಬಿಸಿ, ಮುಂದೆ ಮೊಣಕಾಲುದ್ದ ನೀರು ನಿಲ್ಲಿಸಿ ಅದನ್ನೇ ಕಂದಕ ಎನ್ನುತ್ತಿದ್ದರು. ಒಳಗೆ ಮರಳಿನ ಅಂಕಣ, ಸುತ್ತಲೂ ಮೇಜು. ಜನ ಕಾಗದದ ಕಿರೀಟ ಹಾಕಿಕೊಂಡು, ಕೈಯಲ್ಲೇ ಕೋಳಿ ಹರಿದು ತಿನ್ನುತ್ತ ಕುದುರೆ ಸವಾರರ ಕಾಳಗ ನೋಡುವುದು. ಎಂಟುನೂರು ವರ್ಷದ ಹಿಂದೆ ಯುರೋಪು ಹೀಗೇ ಇತ್ತಂತೆ. ಅಲ್ಲಿನ ಹೊಲಿಗೆ ಕೋಣೆಯಲ್ಲಿ ಅಖ್ತರಿ ಬೇಗಮ್ ಎರಡು ವರ್ಷ ಕೆಲಸ ಮಾಡಿದರು. ಅವರ ವಿಷಯ ಬರೆಯಲು ಕೂತರೆ ಐದು ವರ್ಷ ಕಳೆದ ಮೇಲೂ ನನಗೆ ಮೈ ಉರಿಯುತ್ತದೆ. ಅರ್ಧ ಆ ಕೋಟೆಯ ಮೇಲೆ, ಅರ್ಧ ನನ್ನ ಮೇಲೆಯೇ.

ನಾನೀಗ ರಾಂಚೊ ಬರ್ನಾರ್ಡೊ ಎಂಬ ಊರು ಸೇರಿದ್ದೇನೆ. ಆಗ ಡೈಮಂಡ್ ಬಾರ್ ಎಂಬ ಊರಿನಲ್ಲಿ ನಮ್ಮ ಮನೆಗೂ ಅವರ ಮನೆಗೂ ಒಂದೇ ಬೇಲಿ. ಆಂಟಿಗೆ ಡ್ರೈವಿಂಗ್ ಬಾರದು. ಬೆಳಿಗ್ಗೆ ಆಫೀಸಿಗೆ ಹೋಗುವಾಗ ನಾನೇ ಅವರನ್ನು ಕೋಟೆಯ ಹತ್ತಿರ ಇಳಿಸುತ್ತಿದ್ದೆ.

ಅವರು ಹುಟ್ಟಿದ್ದು ನಿಜವಾದ ಕೋಟೆಯೊಳಗೆ, ಶ್ರೀರಂಗಪಟ್ಟಣದ ಒಂದು ಗಲ್ಲಿಯಲ್ಲಿ. "ಕೋಟೆ ಅಂದ್ರೆ ನಮ್ಗೇನ್ ರಾಜರ ಕಥೆನಾ ಕುಮುದಾ? ಅಮ್ಮೀ ಅದ್ರ ಮೇಲೆ ಹಪ್ಪಳ ಒಣಗಿಸ್ತಿದ್ರು. ಕಾಗೆ ಓಡ್ಸೋದು ನನ್ ಡ್ಯೂಟಿ," ಎಂದು ನಗುತ್ತಿದ್ದರು. ಅವರ ಗಂಡ ಶೌಕತ್ ಅಲಿ ಅಂಕಲ್ ಮೈಸೂರಿನಲ್ಲಿ ಹೈಸ್ಕೂಲ್ ಚರಿತ್ರೆ ಮೇಷ್ಟ್ರಾಗಿದ್ದವರು. ಅವರು ಮಾತ್ರ ನಗುತ್ತಿರಲಿಲ್ಲ. "ಕೋಟೆ ಕಟ್ಟೋದು ಚೆಂದಕ್ಕಲ್ಲಮ್ಮ. ಸುತ್ತಲಿನ ಹಳ್ಳಿಯೋರು ತಲೆ ಎತ್ತದಿರ್ಲಿ ಅಂತ. ಇಲ್ಲಿ ಆ ಹೆದರಿಕೆಗೇ ಟಿಕೆಟ್ ತಗೊಂಡು ಹೋಗ್ತಾರೆ," ಎನ್ನುತ್ತಿದ್ದರು.

ಆಂಟಿಯ ಅಪ್ಪ ದರ್ಗಾಗಳಿಗೆ ಚಾದರ ಕಸೂತಿ ಮಾಡುತ್ತಿದ್ದವರು. ಗೋರಿಗೆ ಹೊದಿಸುವ ಆ ಬಟ್ಟೆಯ ಮೇಲೆ ಜರಿಯಲ್ಲಿ ದೇವರ ಹೆಸರು ಬರೆಯುವಾಗ ಕೈಕಾಲು ಮುಖ ತೊಳೆಯದೆ ಸೂಜಿ ಮುಟ್ಟುವಂತಿಲ್ಲ. ಬಟ್ಟೆ ಒಮ್ಮೆಯೂ ನೆಲಕ್ಕೆ ತಾಗುವಂತಿಲ್ಲ. ಮುಗಿದ ಮೇಲೆ ತಲೆಯ ಮೇಲಿಟ್ಟುಕೊಂಡೇ ಒಯ್ಯಬೇಕು. ಆ ಕೈಕೆಲಸ ಕಲಿತ ಹೆಂಗಸನ್ನು ಈ ಕೋಟೆಯವರು ಹರಿದ ಚಲ್ಲಣ ಹೊಲಿಯಲು ಕೂರಿಸಿದ್ದರು.

ಎರಡು ಸಾವಿರದ ಮೂರರ ಬೇಸಿಗೆಯಲ್ಲಿ ಮ್ಯಾನೇಜರ್ ಹೊಸ ಕೆಲಸ ತಂದ. ಹೊಸ ಆಟದಲ್ಲಿ ಒಬ್ಬ ಸುಲ್ತಾನ ಬರುತ್ತಾನೆ, ಅವನಿಗೊಂದು ಬಾವುಟ ಬೇಕು. ಹಸಿರು ಬಟ್ಟೆ, ಮೇಲೆ ಚಿನ್ನದ ಬಣ್ಣದಲ್ಲಿ ಅರಬ್ಬಿ ಅಕ್ಷರ, ಏನು ಬೇಕಾದರೂ ಬರಿ, ಚೆಂದ ಕಂಡರೆ ಸಾಕು ಎಂದ. ಸುಲ್ತಾನ ಏನು ಮಾಡುತ್ತಾನೆ ಎಂದು ಆಂಟಿ ಕೇಳಿದ್ದಕ್ಕೆ, ಆಟಕ್ಕೆಲ್ಲ ಅವನೇ ಮುಖ್ಯ ಎಂದನಂತೆ. ಸುಳ್ಳು ಹೇಳಲಿಲ್ಲ, ಲೋಫರ್.

ಅದಕ್ಕೆ ಎರಡು ವರ್ಷದ ಹಿಂದೆ, ಅವಳಿ ಗೋಪುರ ಉರುಳಿದ ಆ ಸೆಪ್ಟೆಂಬರ್ ಆದ ತಿಂಗಳು, ಅಂಗಡಿಯ ಪಾರ್ಕಿಂಗ್‌ನಲ್ಲಿ ಒಬ್ಬ ಇವರ ದುಪಟ್ಟಾ ನೋಡಿ ಉಗಿದಿದ್ದ. ಅಂದಿನಿಂದ ಆಂಟಿ ತಲೆ ತಗ್ಗಿಸಿಯೇ ನಡೆಯುತ್ತಿದ್ದರು. ಬಾವುಟದ ಕೆಲಸ ಬಂದಾಗ ಅವರ ಮುಖ ಅರಳಿದ್ದನ್ನು ನಾನು ಕಾರಿನಲ್ಲಿ ನೋಡಿದ್ದೇನೆ. "ನಮ್ಮೋರ್ನೂ ಕರೀತಿದಾರೆ ನೋಡು," ಎಂದರು. ಸುಲ್ತಾನ ರಾಜನ ಮನೆಗೆ ಅತಿಥಿಯಾಗಿ ಬರುತ್ತಾನೆಂದೇ ನಂಬಿದ್ದರು. ಇಪ್ಪತ್ತೆರಡು ದಿನ, ಕೈಕಾಲು ತೊಳೆದು, ಬಟ್ಟೆಯನ್ನು ಮಡಿಲಿನಿಂದ ಇಳಿಸದೆ, ಬಿಸ್ಮಿಲ್ಲಾ ಎಂದು ಜರಿಯಲ್ಲಿ ಬರೆದರು. ದೇವರ ಹೆಸರಿನಿಂದ ಆರಂಭ ಎಂದು ಅದರ ಅರ್ಥ.

ನನ್ನ ಮಗಳು ನೀಲಾಳ ಹತ್ತನೇ ಹುಟ್ಟುಹಬ್ಬ ಶನಿವಾರ ಬಂತು. ಹೊಸ ಆಟ ಶುರುವಾಗುವುದೂ ಅಂದೇ. ಆಂಟಿಯೇ ಮಧ್ಯಾಹ್ನದ ಆಟಕ್ಕೆ ಪಾಸ್ ಕೊಡಿಸಿ ಜೊತೆಗೂ ಬಂದರು. ಬಾವುಟ ಬರುವುದನ್ನು ಮೊದಲ ಸಲ ನೋಡುವ ಆಸೆ ಅವರಿಗೆ.

ಬಂತು. ಕಪ್ಪು ಕುದುರೆ, ಮುಖಕ್ಕೆ ಕಾಡಿಗೆ ಮೆತ್ತಿಕೊಂಡ ಸುಲ್ತಾನ, ಹಿಂದೆ ಆ ಹಸಿರು ಬಾವುಟ. ಮೈಕಿನವನು ಖಳನಾಯಕ ಬಂದ, ಎಲ್ಲರೂ ಬೂ ಎಂದು ಛೀಮಾರಿ ಹಾಕಿ ಎಂದ. ಇಡೀ ಕೋಟೆ ಕೂಗಿತು. ನೀಲಾ ಕೂಗಿದಳು. ನಾನೂ ಕೂಗಿದೆ. ಕೋಳಿ ಎಣ್ಣೆಯ ಕೈಯಲ್ಲಿ ಮೇಜು ಗುದ್ದಿ, ತಲೆ ಮೇಲೆ ಕಾಗದದ ಕಿರೀಟ ಇಟ್ಟುಕೊಂಡು, ಗಂಟಲು ಹರಿಯುವ ಹಾಗೆ ಕೂಗಿದೆ. ರಾಜನ ಕಡೆಯ ನೀಲಿ ಅಂಗಿಯ ಸವಾರ ಬಾವುಟದ ಕೋಲು ಮುರಿದು, ಬಟ್ಟೆಯನ್ನು ತನ್ನ ಜೀನಿಗೆ ಸಿಕ್ಕಿಸಿ ಮೂರು ಸುತ್ತು ಎಳೆದ. ಮರಳಿನಲ್ಲಿ, ಲದ್ದಿಯಲ್ಲಿ. ನಗುತ್ತಲೇ ಆಂಟಿಯ ಕಡೆ ತಿರುಗಿದೆ. ಅವರು ಎದ್ದು ನಿಂತಿದ್ದರು. ಆಗ ನನಗೆ ಬುದ್ಧಿ ಬಂತು.

ಆಟ ಮುಗಿದು ಜನ ಹೊರಟಾಗ ಆಂಟಿ ಮೆಟ್ಟಿಲಿಳಿದು ನೇರ ಮರಳಿಗೆ ನಡೆದರು. ಬಟ್ಟೆ ಎತ್ತಿದರು, ಕೊಡವಿದರು, ಕಣ್ಣಿಗೊತ್ತಿಕೊಂಡು ತಲೆಯ ಮೇಲಿಟ್ಟುಕೊಂಡರು. ಮ್ಯಾನೇಜರ್ ಓಡಿ ಬಂದ. ಅದು ಕೋಟೆಯ ಸಾಮಾನು, ಆರು ಗಂಟೆಯ ಆಟಕ್ಕೆ ಬೇಕೇ ಬೇಕು, ವಾರಕ್ಕೆ ಹನ್ನೊಂದು ಆಟ ಇದೆ ಎಂದ. ವಾರಕ್ಕೆ ಹನ್ನೊಂದು ಸಲ ಹೀಗೇ.

ಆಂಟಿ ನನ್ನ ಕಡೆ ನೋಡಿ ಕನ್ನಡದಲ್ಲಿ ಹೇಳಿದರು: "ಬಟ್ಟೆ ಅವ್ರದ್ದು, ಒಪ್ಪಿದೆ. ಅದ್ರ ಮೇಲಿರೋ ಹೆಸರು ಅವ್ರದ್ದಲ್ಲ. ಆರು ಗಂಟೆಯೊಳ್ಗೆ ಬಿಚ್ಚಿ ಕೊಡ್ತೀನಿ ಅನ್ನು."

ನಾನು ಇಂಗ್ಲಿಷಿನಲ್ಲಿ ಹೇಳಿದೆ. ಕೊನೆಗೆ ನನ್ನದೂ ಎರಡು ಮಾತು ಸೇರಿಸಿದೆ, ಅದನ್ನು ಇಲ್ಲಿ ಬರೆಯುವುದಿಲ್ಲ. ಮ್ಯಾನೇಜರ್ ಕೈ ಚೆಲ್ಲಿದ. ಬಿಚ್ಚುವುದೇಕೆ, ಇಲ್ಲಿ ಅದನ್ನು ಯಾರು ಓದುತ್ತಾರೆ ಎಂದ.

ಅದಕ್ಕೆ ಕನ್ನಡ ಬೇಕಾಗಲಿಲ್ಲ. "ಐ ರೀಡ್," ಎಂದರು ಆಂಟಿ.

ಇದ್ದದ್ದು ಎರಡೂವರೆ ಗಂಟೆ. ಹೊಲಿಗೆ ಕೋಣೆಯಲ್ಲಿ ಮುಖ ತೊಳೆದು ಕೂತರು, ಸಣ್ಣ ಕತ್ತರಿ ಹಿಡಿದು ಒಂದೊಂದೇ ಎಳೆ ಕತ್ತರಿಸಿದರು. ನೀಲಾ ಮೂಲೆಯ ಸ್ಟೂಲಿನ ಮೇಲೆ ಕೂತಿದ್ದಳು. ನಾನೂ ಒಂದು ತುದಿ ಹಿಡಿಯಲು ಹೋದೆ. ಆಂಟಿ ತಲೆ ಎತ್ತಲಿಲ್ಲ. "ಮೊದ್ಲು ಕೈ ತೊಳ್ಕೊಂಡ್ ಬಾ," ಎಂದರು. ಸೋಪು ಹಾಕಿ ಮೂರು ಸಲ ಉಜ್ಜಿದರೂ ಕೋಳಿಯ ವಾಸನೆ ಹೋಗಲಿಲ್ಲ. ಆಮೇಲೆ ನಾನು ಬಟ್ಟೆ ಮುಟ್ಟಲಿಲ್ಲ, ನೆಲಕ್ಕೆ ಬೀಳುವ ಮುಂಚೆ ಜರಿ ಚೂರುಗಳನ್ನು ಟಿಶ್ಯೂ ಮೇಲೆ ಹಿಡಿಯುತ್ತ ಕೂತೆ.

ಎಳೆ ಎಲ್ಲ ಹೋದರೂ ಸೂಜಿ ತೂತುಗಳು ಉಳಿದವು. ಬೆಳಕಿಗೆ ಹಿಡಿದರೆ ಹೆಸರು ಹಾಗೇ ಕಾಣುತ್ತಿತ್ತು. ಆಂಟಿ ಬಟ್ಟೆ ಒದ್ದೆ ಮಾಡಿ, ತೂತು ಮುಚ್ಚುವ ತನಕ ಉಗಿ ಇಸ್ತ್ರಿ ಒತ್ತಿದರು. ಆರಕ್ಕೆ ಹತ್ತು ನಿಮಿಷ ಇರುವಾಗ ಬರೀ ಹಸಿರು ಬಟ್ಟೆಯನ್ನು ಮಡಿಸಿ ಮ್ಯಾನೇಜರ್ ಮೇಜಿನ ಮೇಲಿಟ್ಟರು. ಪಕ್ಕದಲ್ಲಿ ತಮ್ಮ ಬ್ಯಾಡ್ಜೂ ಇಟ್ಟರು.

ಕಾರಿನಲ್ಲಿ ಜರಿಯ ಗಂಟು ಅವರ ಮಡಿಲಲ್ಲಿತ್ತು. ಹಿಂದಿನ ಸೀಟಿನಲ್ಲಿ ನೀಲಾ ಕಿರೀಟವನ್ನು ಚೂರು ಚೂರು ಮಾಡುತ್ತಿದ್ದಳು. ಫ್ರೀವೇ ಹತ್ತಿದ ಮೇಲೆ ನನಗೆ ತಡೆಯಲಾಗಲಿಲ್ಲ.

"ಆಂಟಿ, ನಾನೂ ಕೂಗ್ದೆ," ಎಂದೆ.

"ಕೇಳಿಸ್ತು," ಎಂದರು.