ನರ್ಸಮ್ಮನ ಉಪ್ಪುನೀರಿನ ತೊಟ್ಟಿ

ಹೋದ ತಿಂಗಳು ಪಕ್ಕದ ಮನೆಯವರು ಬನ್ ಮಾಡಲೆಂದು ಬೆಚ್ಚನೆಯ ನೀರಿನಲ್ಲಿ ಯೀಸ್ಟ್ ನೆನೆಸಿ, ಅದೇ ಬಟ್ಟಲನ್ನು ಕೈಯಲ್ಲಿ ಹಿಡಿದು ಸಕ್ಕರೆ ಕೇಳಲು ನಮ್ಮ ಅಡುಗೆಮನೆಗೆ ಬಂದರು. ಹುಳಿಯೂ ಅಲ್ಲದ, ಸಿಹಿಯೂ ಅಲ್ಲದ ಆ ವಾಸನೆ ಮೂಗಿಗೆ ತಾಗುತ್ತಲೇ, "ಇಷ್ಟೊಂದು ಹಾಕಬೇಡಿ, ನೀರು ಕೆಡುತ್ತೆ" ಎಂದುಬಿಟ್ಟೆ. ಅವರು ನನ್ನ ಮುಖವನ್ನೇ ನೋಡಿದರು. ಬನ್ನಿಗೆ ಅಷ್ಟು ಬೇಕೇ ಬೇಕು. ನಾನು ಹೇಳಿದ್ದು ಬನ್ನಿನ ಮಾತಲ್ಲ ಎಂದು ನನಗೂ ಸ್ವಲ್ಪ ತಡವಾಗಿ ಹೊಳೆಯಿತು. ಆ ಮಾತು ನನ್ನದೂ ಅಲ್ಲ, ನರ್ಸಮ್ಮನದು...

ತೊಂಬತ್ತರ ದಶಕದ ಕೊನೆಯ ವರ್ಷಗಳು. ಬಾಳ್ಳುಪೇಟೆಯಲ್ಲಿ ಬಸ್ಸಿಳಿದು ಮೂರು ಮೈಲಿ ಒಳಗೆ ನಡೆದರೆ ಸಿಗುವ ಕಾಫಿ ಎಸ್ಟೇಟೊಂದರಲ್ಲಿ ನನ್ನ ತಂದೆ ಸ್ಟೋರ್ ನೋಡಿಕೊಳ್ಳುತ್ತಿದ್ದರು. ನಮ್ಮ ಮನೆಯ ಎದುರಿಗೇ ಎಸ್ಟೇಟಿನ ಡಿಸ್ಪೆನ್ಸರಿ. ಎರಡು ಮಂಚ, ಔಷಧಿಯ ಒಂದು ಬೀರು, ಹಿಂದಿನ ಕೋಣೆಯಲ್ಲಿ ನರ್ಸಮ್ಮನ ಸಂಸಾರ. ಸಂಸಾರವೆಂದರೆ ಅವರೊಬ್ಬರೇ, ಒಬ್ಬ ತಂಗಿ ಆಲೂರಿನಲ್ಲಿದ್ದರು. ಕಿಟಕಿಯ ಪಕ್ಕದ ಮೇಜಿನ ಮೇಲೆ ಎರಡು ಕೊಡ ನೀರು ಹಿಡಿಯುವ ಗಾಜಿನ ತೊಟ್ಟಿ ಇತ್ತು. ಅದರಲ್ಲಿ ಉಗುರಿನಷ್ಟುದ್ದದ, ಪಾರದರ್ಶಕವಾದ ನೂರಾರು ಜೀವಗಳು ಅಂಗಾತ ಮಲಗಿ ಈಜುತ್ತಿದ್ದವು. ಉಪ್ಪುನೀರಿನ ಸೀಗಡಿ ಎಂದು ನರ್ಸಮ್ಮ ಹೇಳುತ್ತಿದ್ದರು. ಕೂಲಿ ಲೈನಿನ ಮನೆಗಳ ಹೆಂಗಸರು ಸೊಳ್ಳೆ ಮರಿ ಎನ್ನುತ್ತಿದ್ದರು.

ಅವು ಬಂದದ್ದು ಮಾಲೀಕರ ಬಂಗಲೆಯಿಂದ. ಅವರ ಮೊಮ್ಮಗಳಿಗೆ ಯಾರೋ ಹೊರದೇಶದಿಂದ ತಂದುಕೊಟ್ಟ ಪೊಟ್ಟಣದಲ್ಲಿ ಕಂದುಬಣ್ಣದ ಪುಡಿಯಿತ್ತು. ನೋಡಲು ಪುಡಿ, ನಿಜದಲ್ಲಿ ಮೊಟ್ಟೆ. ಉಪ್ಪುನೀರಿಗೆ ಹಾಕಿದರೆ ಎರಡು ದಿನದಲ್ಲಿ ಮರಿ. ಹುಡುಗಿ ಅರ್ಧ ಪೊಟ್ಟಣ ಬಿಟ್ಟು ರಜೆ ಮುಗಿಸಿ ಹೋದಳು. ಬಂಗಲೆಯವರು ಎಸೆಯಲು ಹೊರಟಿದ್ದನ್ನು ನರ್ಸಮ್ಮ ಕೇಳಿ ತಂದರು. ನಾನು ತೊಟ್ಟಿಯನ್ನು ಕಂಡಾಗ ಅವು ಎಷ್ಟೋ ತಲೆಮಾರು ದಾಟಿದ್ದವು.

ಕಾಫಿ ಲೋಡಿಗೆ ಬರುತ್ತಿದ್ದ ಲಾರಿ ಡ್ರೈವರ್ ಒಬ್ಬ ಕಾಲಿಗೆ ಪಟ್ಟಿ ಕಟ್ಟಿಸಿಕೊಳ್ಳುವಾಗಲೆಲ್ಲ ರೇಗಿಸುತ್ತಿದ್ದ. "ನರ್ಸಮ್ಮ, ನಿಮ್ ಸೀಗ್ಡಿ ಒಂದು ಸಾರಿಗಾಗೋಷ್ಟು ಆಗೋದ್ ಯಾವಾಗ?"

"ನಿನ್ ಮೀಸೆ ಸರ್ಯಾಗಿ ಬೆಳೆದ್ ದಿನ ಕಣೋ. ಕಾಲು ಅಲ್ಲಾಡಿಸ್ಬ್ಯಾಡ, ಮಾರಾಯ."

ಆ ವರ್ಷ ನಾನು ಸೆಕೆಂಡ್ ಪಿಯುಸಿಯಲ್ಲಿ ಕೆಮಿಸ್ಟ್ರಿ ಫೇಲಾಗಿ ಮನೆಯಲ್ಲಿದ್ದೆ. ಮನೆಯಲ್ಲಿ ಯಾರೂ ಬೈಯಲಿಲ್ಲ. ಮಾತೂ ಹೆಚ್ಚು ಆಡಲಿಲ್ಲ. ಡಿಸ್ಪೆನ್ಸರಿಗೆ ಹೋಗಿ ಕೂರುವುದು ಅಭ್ಯಾಸವಾಯಿತು. ನರ್ಸಮ್ಮನ ಎರಡೂ ಕಣ್ಣಿಗೆ ಪೊರೆ ಬೆಳೆಯುತ್ತಿತ್ತು. ಸಿರಿಂಜಿನ ಗೆರೆಗಳನ್ನು ಬೆಳಕಿಗೆ ಹಿಡಿದು ಹೇಗೋ ಓದುತ್ತಿದ್ದರು, ಆದರೆ ತೊಟ್ಟಿಯಲ್ಲಿ ಅವರಿಗೆ ಕಾಣುತ್ತಿದ್ದದ್ದು ಮಸುಕು ಮಾತ್ರ. ಹೀಗಾಗಿ ನಾನು ನೋಡಿ ಹೇಳುವವಳಾದೆ.

"ಕಾಲು ಆಡೋದು ಕಾಣ್ತೈತಾ?"

"ಕಾಣ್ತಿದೆ."

"ಎಲ್ಲವಕ್ಕೂವಾ? ತಳದಲ್ಲಿ ಬಿದ್ದಿರೋವೆಷ್ಟು? ಎಣ್ಸು."

ಸಾಕುವ ಕ್ರಮವನ್ನೂ ಹೀಗೆ ಮಾತಿನ ನಡುವೆಯೇ ಕಲಿತೆ. ಅಯೋಡಿನ್ ಇಲ್ಲದ, ದನಗಳಿಗೆ ಕೊಡುವ ಹರಳುಪ್ಪು, ಲೀಟರಿಗೆ ಎರಡು ದೊಡ್ಡ ಚಮಚ. ಚಿಟಿಕೆ ಅಡುಗೆಸೋಡ. ನೀರಿನ ಮಟ್ಟಕ್ಕೆ ಗಾಜಿನ ಹೊರಗೆ ಅಂಟುಪಟ್ಟಿಯ ಒಂದು ತುಂಡು ಗುರುತು. ನೀರು ಆರಿ ಅದಕ್ಕಿಂತ ಇಳಿದರೆ ಸಿಹಿನೀರನ್ನೇ ತುಂಬಬೇಕು, ಏಕೆಂದರೆ ಆರುವುದು ನೀರು, ಉಪ್ಪು ಅಲ್ಲೇ ಉಳಿಯುತ್ತದೆ. ಸೂಜಿ ತೆಗೆದ ಸಿರಿಂಜಿನಿಂದ ದಿನಕ್ಕೆ ನಾಲ್ಕು ಸಲ ಗುಳ್ಳೆ ಎಬ್ಬಿಸಬೇಕು. ಮೇವಿಗೆ ಯೀಸ್ಟಿನ ನೀರು ಕೆಲವೇ ಹನಿ, ಅದೂ ಹಿಂದಿನ ದಿನದ್ದು ತಿಂದು ನೀರು ತಿಳಿಯಾದ ಮೇಲೆ. "ಹಸ್ಕೊಂಡ್ ಸಾಯೋವು ಕಮ್ಮಿ ಕಣೆ, ನಾವು ತಿನ್ಸಿ ಸಾಯ್ಸೋವೇ ಜಾಸ್ತಿ" ಎನ್ನುತ್ತಿದ್ದರು.

ಮರುವರ್ಷದ ಮೇ ತಿಂಗಳಲ್ಲಿ ಅವರು ಹಾಸನಕ್ಕೆ ಒಂದು ಕಣ್ಣಿನ ಆಪರೇಶನ್‌ಗೆ ಹೊರಟರು. ಆಮೇಲೆ ಮೂರು ವಾರ ಒಲೆಯ ಹೊಗೆ ತಾಗದಂತೆ ತಂಗಿಯ ಮನೆಯಲ್ಲಿರಬೇಕಿತ್ತು. ತೊಟ್ಟಿಯನ್ನು ನನಗೆ ಒಪ್ಪಿಸಿದರು. "ವಾಪಸ್ ಬಂದ್ ಮೊದ್ಲು ಇವನ್ನ ನೋಡ್ತೀನಿ. ಎರಡು ವರ್ಸ ಆಯ್ತು ಸರ್ಯಾಗ್ ನೋಡಿ" ಎಂದರು. ಇದೇ ಮಾತನ್ನು ಹೇಳಿದರೆಂದು ಆಣೆ ಮಾಡಲಾರೆ. ಆದರೆ ಅವರು ಕಾಯುತ್ತಿದ್ದದ್ದು ಅದಕ್ಕೇ ಎಂಬುದು ನನಗೆ ಚೆನ್ನಾಗಿ ಗೊತ್ತಿತ್ತು.

ಹತ್ತು ದಿನ ಎಲ್ಲ ಸರಿಯಾಗಿತ್ತು. ಹದಿನೈದು ದಿನಕ್ಕೊಮ್ಮೆ ಮೂರನೇ ಒಂದು ಪಾಲು ನೀರು ಬದಲಿಸಬೇಕು, ಉಪ್ಪುನೀರನ್ನು ಹಿಂದಿನ ದಿನವೇ ಕಲಸಿಡಬೇಕು ಎಂದು ಹೇಳಿದ್ದರು. ಅದಕ್ಕೆಂದೇ ಸ್ಟೀಲ್ ಪಾತ್ರೆಯೊಂದನ್ನು ತೆಗೆದಿಟ್ಟಿದ್ದರು. ಅದಕ್ಕೆ ಅಳತೆಯ ಗೆರೆ ಇರಲಿಲ್ಲ. ನಮ್ಮ ಹಿತ್ತಿಲಿನಲ್ಲಿ ಲೀಟರಿನ ಗೆರೆಗಳಿದ್ದ ಪ್ಲಾಸ್ಟಿಕ್ ಬಕೆಟ್ ಒಂದಿತ್ತು. ಕೆಮಿಸ್ಟ್ರಿಯಲ್ಲಿ ಫೇಲಾದವಳಿಗೆ ಅಳತೆ ಕರಾರುವಾಕ್ಕಾಗಿರಬೇಕೆಂಬ ಹಟ. ಬಕೆಟ್ಟನ್ನು ಎರಡು ಸಲ ತೊಳೆದು, ಉಪ್ಪುನೀರು ಕಲಸಿ ಅದರಲ್ಲೇ ಇಟ್ಟು, ಮಾರನೆಯ ದಿನ ತೊಟ್ಟಿಗೆ ಹುಯ್ದೆ. ಸಂಜೆಗೆ ಕೆಲವು ತಳ ಸೇರಿದವು. ಮರುದಿನ ಬೆಳಿಗ್ಗೆ ಒಂದೂ ಆಡುತ್ತಿರಲಿಲ್ಲ.

ನನಗೆ ಕಾರಣ ತಿಳಿಯಲಿಲ್ಲ. ತಿಳಿಯಲಿಲ್ಲವೋ, ತಿಳಿದುಕೊಳ್ಳಲು ಮನಸ್ಸಾಗಲಿಲ್ಲವೋ, ಈಗ ಬೇರ್ಪಡಿಸಿ ಹೇಳಲಾರೆ. ಉಳಿದ ದಿನಗಳನ್ನು ಸುಳ್ಳುಗಳನ್ನು ಜೋಡಿಸುತ್ತ ಕಳೆದೆ. ಸೆಖೆ ಹೆಚ್ಚಾಯಿತು, ಗುಡುಗಿಗೆ ಹೆದರಿದವು... ಗುಡುಗಿಗೆ ಸೀಗಡಿ ಹೆದರುತ್ತವೆಂದು ಯಾರಾದರೂ ನಂಬುತ್ತಾರೆಯೇ?

ನರ್ಸಮ್ಮ ಕಪ್ಪು ಕನ್ನಡಕ ಹಾಕಿಕೊಂಡು ಬಂದರು. ಚೀಲ ಇಳಿಸದೆ ನೇರ ಮೇಜಿನ ಹತ್ತಿರ ಹೋಗಿ ಕನ್ನಡಕ ತೆಗೆದು ಬಾಗಿದರು. ಮೊದಲಾಗಿದ್ದರೆ ನೀರಿನಲ್ಲಿ ಏನೂ ಕಾಣದ್ದಕ್ಕೆ ಕಣ್ಣಿನ ದೋಷವೆನ್ನಬಹುದಿತ್ತು. ಅವರಿಗೆ ಆ ದಿನ ಕಣ್ಣು ಚೆನ್ನಾಗಿ ಕಾಣುತ್ತಿತ್ತು.

"ಕೂತ್ಕೊ" ಎಂದರು. ಡಿಸ್ಪೆನ್ಸರಿಯ ಹಳೆಯ ರಿಜಿಸ್ಟರಿನಿಂದ ಖಾಲಿ ಹಾಳೆ ಹರಿದು ಕೊಟ್ಟರು. "ನಾನ್ ಹೋದಾಗಿಂದ ಏನೇನ್ ಮಾಡ್ದೆ, ದಿನದ್ ಪ್ರಕಾರ ಬರಿ."

ಬರೆದೆ. ಬಕೆಟ್ಟನ್ನು ಬಿಟ್ಟು ಎಲ್ಲವನ್ನೂ ಬರೆದೆ. ಅವರು ಹಾಳೆಯನ್ನು ಹೊಸ ಕಣ್ಣಿಗೆ ಹತ್ತಿರ ಹಿಡಿದು ಎರಡು ಸಲ ಓದಿದರು.

"ನೀರು ಯಾವುದ್ರಲ್ಲಿ ಕಲಸ್ದೆ?"

ಹೇಳಿದೆ.

"ಅದ್ರಲ್ಲಿ ನಿಮ್ಮಪ್ಪ ಏನ್ ನೆನೆಹಾಕ್ತಾರೆ?"

ಆಗ ನನಗೆ ಹೊಳೆಯಿತು. ಮಳೆ ಹಿಡಿಯುವ ಮುನ್ನ ಕಾಫಿ ಗಿಡಕ್ಕೆ ಹೊಡೆಯಲು ಮೈಲುತುತ್ತ ಮತ್ತು ಸುಣ್ಣದ ಮಿಶ್ರಣ ಮಾಡುತ್ತಾರಲ್ಲ, ಆ ಮೈಲುತುತ್ತವನ್ನು ಅಪ್ಪ ನೆನೆಹಾಕುತ್ತಿದ್ದದ್ದು ಅದೇ ಬಕೆಟ್ಟಿನಲ್ಲಿ. ಅದರ ತಳ ಯಾವತ್ತೂ ತಿಳಿನೀಲಿ. ಆ ಸೀಸನ್ನಿನಲ್ಲಿ ನಮ್ಮ ಕೈ, ಬಟ್ಟೆ, ಅಂಗಳ ಎಲ್ಲವೂ ನೀಲಿಯಾಗಿರುತ್ತಿದ್ದರಿಂದ ಅದು ಯಾರ ಕಣ್ಣಿಗೂ ಬೀಳುತ್ತಿರಲಿಲ್ಲ.

"ತಾಮ್ರ ಕಣೆ ಅದ್ರಲ್ಲಿರೋದು. ಕಾಫಿ ಉಳಿಸ್ತೈತೆ, ಇವಕ್ಕೆ ಒಂದ್ ಚೂರು ಸಾಕು ಸಾಯಕ್ಕೆ" ಎಂದರು. ನಾನು ಅಳಲು ಶುರು ಮಾಡಿರಬೇಕು. "ಅತ್ತು ತೊಟ್ಟಿ ತುಂಬಿಸ್ತೀಯಾ? ಉಪ್ಪು ಸರ್ಯಾಗಿರಾಕಿಲ್ಲ. ಮೊದ್ಲು ಅದನ್ನ ಬರಿ. ಔಷ್ದಿ ತಪ್ಪಾಗ್ ಕೊಟ್ರೆ ನಾವು ರಿಜಿಸ್ಟರ್‌ನಲ್ಲಿ ಬರೀತೀವಿ. ಮುಚ್ಚಿಟ್ರೆ ನಾಳೆ ಇನ್ನೊಬ್ಳು ಬಂದು ಅದನ್ನೇ ಕೊಡ್ತಾಳೆ."

ಬರೆದೆ. ನಾನು ಇಂದಿಗೂ ದಿನಚರಿ ಬರೆಯುತ್ತೇನೆ. ಅದರ ಮೊದಲ ಪುಟ ಅದು ಎಂದು ನನ್ನ ನಂಬಿಕೆ.

ಆಮೇಲೆ ಅವರು ಮಾಡಿದ ಕೆಲಸ ನನ್ನ ನೆನಪಿನಲ್ಲಿ ತುಂಬ ಸ್ಪಷ್ಟವಾಗಿದೆ. ಅಷ್ಟು ಸ್ಪಷ್ಟವಾಗಿರುವುದಕ್ಕೇ ಅನುಮಾನ. ತೊಟ್ಟಿಯ ಒಳಗೋಡೆಯಲ್ಲಿ, ನೀರಿನ ಮಟ್ಟಕ್ಕಿಂತ ಮೇಲೆ, ಉಪ್ಪಿನ ಜೊತೆ ಒಣಗಿದ ಒಂದು ಕಂದು ಗೆರೆಯಿತ್ತು. ನಾನದನ್ನು ಕೊಳೆಯೆಂದುಕೊಂಡಿದ್ದೆ. ನರ್ಸಮ್ಮ ಹಳೆಯ ಬ್ಲೇಡಿನಿಂದ ಅದನ್ನು ಕಾಗದದ ಮೇಲೆ ಕೆರೆದರು. ನೀರು ಒಗ್ಗದ ಕಾಲಕ್ಕೆಂದು ಸೀಗಡಿಗಳು ಇಟ್ಟಿದ್ದ ಗಟ್ಟಿ ಮೊಟ್ಟೆಗಳು ಅವು. ನೀಲಿ ಬಕೆಟ್ಟಿನ ನೀರು ಅಲ್ಲಿಯವರೆಗೆ ಏರಿರಲಿಲ್ಲ. ತೊಟ್ಟಿಯನ್ನು ಏಳೆಂಟು ಸಲ ತೊಳೆದೆವು. ಸ್ಟೀಲ್ ಪಾತ್ರೆಯಲ್ಲಿ ಹೊಸ ನೀರು ಕಲಸಿದವಳು ನಾನೇ. ಅವರು ಪಕ್ಕದಲ್ಲಿ ನಿಂತು ನೋಡಿದರು, ಕೈ ಹಾಕಲಿಲ್ಲ. ಮಾರನೆಯ ದಿನ ಆ ನೀರನ್ನು ತೊಟ್ಟಿಗೆ ಹುಯ್ದು, ಕೆರೆದಿಟ್ಟ ಮೊಟ್ಟೆಗಳನ್ನು ಉದುರಿಸಿದೆವು.

ಎರಡು ದಿನ ಏನೂ ಆಗಲಿಲ್ಲ. ಮೂರನೆಯ ದಿನ, ಕಿಟಕಿಯ ಬೆಳಕು ಬೀಳುವ ಮೂಲೆಯಲ್ಲಿ ಕೇಸರಿ ಬಣ್ಣದ ಧೂಳಿನಂಥದ್ದು ನಡುಗುತ್ತಿತ್ತು. ನನಗೆ ಕಾಣುವ ಮೊದಲು ಅದು ಅವರಿಗೆ ಕಂಡಿತು. ನನ್ನ ಭುಜ ಹಿಡಿದು ಆ ಮೂಲೆಗೆ ತಿರುಗಿಸಿದರು. "ಎಣ್ಸು ಅಂತ ಹೇಳಾಕಿಲ್ಲ ಈಗ. ನಾನೇ ಎಣುಸ್ತೀನಿ" ಎಂದರು.

ಆ ಸೆಪ್ಟೆಂಬರಿನಲ್ಲಿ ಮತ್ತೆ ಬರೆದು ಕೆಮಿಸ್ಟ್ರಿ ಪಾಸಾದೆ. ಮೈಸೂರಿಗೆ ಓದಲು ಹೋದೆ. ಕೆಲವು ವರ್ಷಗಳ ಮೇಲೆ ಡಿಸ್ಪೆನ್ಸರಿ ಮುಚ್ಚಿತು. ನರ್ಸಮ್ಮ ತೊಟ್ಟಿಯ ಸಮೇತ ಆಲೂರಿನ ತಂಗಿಯ ಮನೆಗೆ ಹೋದರು. ಅಲ್ಲಿಗೆ ಎರಡು ಸಲ ಹೋಗಿದ್ದೆ. ಆಮೇಲೆ ಹೋಗಲಿಲ್ಲ. ಕಾರಣ ಬರೆಯಲು ಕುಳಿತರೆ ನಾಲ್ಕೈದು ಸಿಗುತ್ತವೆ. ಗುಡುಗಿನ ಕಾರಣದಷ್ಟೇ ಅವಕ್ಕೂ ಬೆಲೆ.

ಯೀಸ್ಟಿನ ವಾಸನೆ ಬಂದ ಮರುವಾರ ಆಲೂರಿಗೆ ಹೋದೆ. ನರ್ಸಮ್ಮ ತೀರಿಕೊಂಡು ಐದು ತಿಂಗಳಾಗಿತ್ತು. ತೊಟ್ಟಿ ಅಡುಗೆಮನೆಯಲ್ಲಿತ್ತು, ಸೋಪು ಹಾಕಿ ಉಜ್ಜಿ, ಬಿಸಿಲಿಗೆ ಒಣಗಿಸಿ, ಒಣಮೆಣಸಿನಕಾಯಿ ತುಂಬಿಟ್ಟಿದ್ದರು. ತಂಗಿ ನನ್ನನ್ನು ಹಿತ್ತಿಲಿಗೆ ಕರೆದುಕೊಂಡು ಹೋದರು. ಅಲ್ಲಿ ದಾಸವಾಳದ ಗಿಡವೊಂದು ಪೂರ್ತಿ ಒಣಗಿ ನಿಂತಿತ್ತು.

"ಅಕ್ಕ ಆಸ್ಪತ್ರೆಲಿದ್ದಾಗ ಆ ಹುಳ ಎಲ್ಲಾ ಸತ್ತೋಗ್ಬುಟ್ವು ಕಣವ್ವ. ಒಳ್ಳೆ ನೀರು ದಂಡ ಯಾಕೆ ಅಂತ ಇದರ ಬುಡುಕ್ಕೆ ಹುಯ್ದ್ಬುಟ್ಟೆ. ಉಪ್ಪು ಅಂತ ತಲೆಗೇ ಬರ್ಲಿಲ್ಲ. ಅಕ್ಕ ನೆಟ್ಟಿದ್ ಗಿಡ. ಅವಳಿಗೆ ಏನೂ ಹೇಳ್ಲಿಲ್ಲ ನಾನು."

ನಾನು ಕುಕ್ಕರಗಾಲಿನಲ್ಲಿ ಕುಳಿತು ಬುಡದ ಮಣ್ಣನ್ನು ನೋಡಿದೆ. ಎಷ್ಟು ನೀರು ಹುಯ್ದಿರಿ, ಎಷ್ಟು ಸಲ ಹುಯ್ದಿರಿ ಎಂದು ಕೇಳಿದೆ. ಒಂದೇ ಸಲ, ಎರಡು ಕೊಡ ಎಂದರು. ಗಿಡ ಉಳಿಯುವುದಿಲ್ಲ, ಆದರೆ ಮಣ್ಣು ಉಳಿಯುತ್ತದೆ, ಉಪ್ಪು ಕೆಳಗಿಳಿಯುವವರೆಗೆ ನೀರು ಬಿಡಬೇಕು ಎಂದೆ. ಅವರು ಬಾವಿಯಿಂದ ಸೇದಿದರು, ನಾನು ಹುಯ್ದೆ. ಹತ್ತನೆಯ ಕೊಡಕ್ಕೆ ಅವರು ಸೆರಗಿನಲ್ಲಿ ಮುಖ ಒರೆಸಿಕೊಂಡು, ಇನ್ನೆಷ್ಟು ಎಂದು ಕೇಳಿದರು. ನನಗೆ ಗೊತ್ತಿರಲಿಲ್ಲ. ಕೇಳೋಣವೆಂದರೆ ನರ್ಸಮ್ಮ ಇರಲಿಲ್ಲ. ಇನ್ನೂ ಹತ್ತು ಹಾಕೋಣ ಎಂದೆ.