ಸಿಪ್ಪೆಗೆ ಇಬ್ಬರು ಹಕ್ಕುದಾರರು

ಭೂಮಿಯ ಬಿಸಿ ಇಳಿಸುವ ಸಲುವಾಗಿ ನಾನು ಒಂದು ಸುಳ್ಳು ಬರೆದಿದ್ದೇನೆ. ಮಣಿಪಾಲದಲ್ಲಿ, ಅಡುಗೆಮನೆಯ ಕಸದಿಂದ ಗ್ಯಾಸ್ ತಯಾರಿಸುವ ಡ್ರಮ್ಮಿನ ಪ್ರದರ್ಶನವಿತ್ತು. ಡ್ರಮ್ ಬೇಕಾದವರು ತುಂಬಬೇಕಾದ ಅರ್ಜಿಯಲ್ಲಿ ‘ದಿನಕ್ಕೆ ಎಷ್ಟು ಹಸಿ ಕಸ?’ ಎಂಬ ಪ್ರಶ್ನೆ. ಪಕ್ಕದಲ್ಲಿದ್ದವರು ಒಂದು ಬಕೆಟ್ ಎಂದು ಬರೆದರು. ನಾವೇನು ಅವರಿಗಿಂತ ಕಡಿಮೆ ಉಣ್ಣುವವರೇ ಎಂದುಕೊಂಡು ನಾನೂ ಒಂದು ಬಕೆಟ್ ಎಂದೇ ಬರೆದೆ.

ಕಾರ್ಕಳದ ಸುಕೇಶ್ ಎಂಬವರು ಕಾಪುವಿನ ನಮ್ಮ ಮನೆಗೆ ಡ್ರಮ್ ತಂದು, ಹಿತ್ತಿಲಲ್ಲಿ ಕೂರಿಸಿ, ಸೆಗಣಿ ನೀರು ತುಂಬಿಸಿ ಹೋದರು. ಕಸವನ್ನು ಎಲ್ಲೋ ರಾಶಿ ಹಾಕಿದರೆ ಅದು ಕೊಳೆತು, ಮೀಥೇನ್ ಆಗಿ ಮೇಲೇರಿ, ಲೋಕವನ್ನು ಕಾಯಿಸುತ್ತದೆ. ಡ್ರಮ್ಮಿನಲ್ಲಿ ಕೊಳೆತರೆ ಅದೇ ಮೀಥೇನ್ ನಮ್ಮ ಚಹಾ ಕಾಯಿಸುತ್ತದೆ. ಇಷ್ಟು ಸರಳ. ಅವರು ಕೊಟ್ಟ ಚಿತ್ರದಲ್ಲಿ ಅಡುಗೆಮನೆಯಿಂದ ಡ್ರಮ್ಮಿಗೆ ಒಂದು ನೇರವಾದ ಬಾಣದ ಗುರುತಿತ್ತು. ಚಿತ್ರ ಬರೆದವರಿಗೆ ನನ್ನ ಅತ್ತೆಯ ಪರಿಚಯ ಇರಲಿಲ್ಲ, ಅಷ್ಟೆ.

ಅತ್ತೆಯ ಅಡುಗೆಮನೆಯಲ್ಲಿ ಕಸ ಎಂಬುದು ಹುಟ್ಟುವುದೇ ಇಲ್ಲ. ಹೀರೆಕಾಯಿಯ ಸಿಪ್ಪೆ ಚಟ್ನಿಯಾಗುತ್ತದೆ, ಬಾಳೆಕಾಯಿಯದ್ದು ಪಲ್ಯ. ಸೌತೆಯ ತಿರುಳು ಸಾರಿಗೆ, ಕಲ್ಲಂಗಡಿಯ ಬಿಳಿ ಭಾಗ ದೋಸೆಗೆ. ಅಕ್ಕಿ ತೊಳೆದ ನೀರಿಗಾಗಿ ಪಕ್ಕದ ಮನೆಯ ದನ ಬೇಲಿಯಾಚೆ ಕಾದು ನಿಂತಿರುತ್ತದೆ. ಮದುವೆಯಾದಂದಿನಿಂದ ಇದನ್ನೆಲ್ಲ ಚಪ್ಪರಿಸಿ ಉಂಡ ನನಗೆ ಅರ್ಜಿ ತುಂಬುವಾಗ ಒಂದೂ ನೆನಪಾಗಲಿಲ್ಲ.

ಹಾಗಾಗಿ ಡ್ರಮ್ಮಿಗೆ ಸಿಕ್ಕಿದ್ದು ಚಹಾದ ಚರಟ ಮತ್ತು ಕರಿಬೇವಿನ ಕಡ್ಡಿ. ಮೊದಮೊದಲು ಜೋರಾಗಿದ್ದ ಉರಿ ದಿನ ಕಳೆದಂತೆ ದೀಪದ ಕುಡಿಯಷ್ಟಾಯಿತು. ನಾನು ಉಪಾಯವಾಗಿ ತರಕಾರಿಯ ಸಿಪ್ಪೆಯನ್ನು ದಪ್ಪಗೆ ಹೆರೆಯತೊಡಗಿದೆ. ಅತ್ತೆ ಒಂದನ್ನು ಎತ್ತಿ ಬೆಳಕಿಗೆ ಹಿಡಿದು, “ಇದರಲ್ಲಿ ಅರ್ಧ ತರಕಾರಿಯೇ ಉಂಟಲ್ಲ. ಕಣ್ಣು ಒಮ್ಮೆ ತೋರಿಸಿಕೊಂಡು ಬಾ” ಎಂದರು.

ಕೊನೆಗೆ ಒಂದು ಬೆಳಿಗ್ಗೆ, ಅವರು ಸ್ನಾನಕ್ಕೆ ಹೋದ ಹೊತ್ತು ನೋಡಿ, ಚಟ್ನಿಗೆಂದು ಎತ್ತಿಟ್ಟಿದ್ದ ಹೀರೆ ಸಿಪ್ಪೆಯನ್ನು ಡ್ರಮ್ಮಿಗೆ ಸುರಿದುಬಿಟ್ಟೆ. ಮಧ್ಯಾಹ್ನ ಊಟಕ್ಕೆ ಚಟ್ನಿ ಇರಲಿಲ್ಲ, ಮಾತೂ ಇರಲಿಲ್ಲ. ಮರುದಿನ ಅತ್ತೆ ಅಡುಗೆಮನೆಗೇ ಬರಲಿಲ್ಲ. ಜಗಲಿಯಲ್ಲಿ ಕುಳಿತು ಹೇಳಿದರು: “ಇನ್ನು ನೀನೇ ಮಾಡು ಮಾರಾಯ್ತಿ. ನಾನು ಇಷ್ಟು ವರ್ಷ ನಿಮಗೆಲ್ಲ ಕಸ ತಿನ್ನಿಸಿದ್ದು ಅಂತ ನನಗೆ ಗೊತ್ತಿರಲಿಲ್ಲ.”

ಮೂರು ದಿನ ಹೀಗೆಯೇ ನಡೆಯಿತು. ಲೋಕ ತಂಪಾಯಿತೋ ಇಲ್ಲವೋ, ಮನೆಯಂತೂ ತಣ್ಣಗಾಗಿತ್ತು. ನನ್ನ ಸಾರನ್ನು ಮನೆಯವರು ಔಷಧದಂತೆ ಕುಡಿದರು. ಹೆರೆದ ಹೀರೆ ಸಿಪ್ಪೆಯನ್ನು ಡ್ರಮ್ಮಿಗೆ ಹಾಕುವ ಧೈರ್ಯವಾಗದೆ ಹಾಗೇ ಎತ್ತಿಟ್ಟೆ. ನಾಲ್ಕನೆಯ ದಿನ ಸುಕೇಶರನ್ನು ಕರೆಸಿದೆ. ಅವರು ಮುಚ್ಚಳ ತೆಗೆದು ಇಣುಕಿದರು. “ಅಕ್ಕ, ಇದಕ್ಕೆ ಎಂತ ಹಾಕ್ತೀರಿ? ಪೂರ್ತಿ ಉಪವಾಸ ಕೂತಿದೆ.”

ನಾನು ಜಗಲಿಗೆ ಕೇಳಿಸುವಷ್ಟು ಗಟ್ಟಿಯಾಗಿ ತಪ್ಪೊಪ್ಪಿಕೊಂಡೆ: “ನಮ್ಮ ಅತ್ತೆಯ ಅಡುಗೆಮನೆಯಲ್ಲಿ ಕಸ ಇಲ್ಲ. ಬಕೆಟ್ ತುಂಬ ಉಂಟು ಅಂತ ನಾನು ಬರೆದದ್ದು ಸುಳ್ಳು. ಡ್ರಮ್ ತೆಗೆದುಕೊಂಡು ಹೋಗಿ.”

ಅತ್ತೆ ಎದ್ದು ಒಳಗೆ ಹೋದರು. ಸ್ವಲ್ಪ ಹೊತ್ತಿನಲ್ಲಿ ಮಿಕ್ಸಿಯ ಸದ್ದು, ಹಿಂದೆಯೇ ಒಗ್ಗರಣೆಯ ಘಮ. ನಾನು ಅರೆದಿಟ್ಟ ಹಿಟ್ಟು ಅವರ ಕೈಯಲ್ಲಿ ತೆಳ್ಳಗಿನ ನೀರುದೋಸೆಯಾಗಿ ಬಂತು. ಸುಕೇಶ್ ನಾಲ್ಕನೆಯ ದೋಸೆಗೆ ಕೈ ಹಾಕುತ್ತಾ ಕೇಳಿದರು, “ಈ ಚಟ್ನಿ ಎಂತದ್ದು ಅಮ್ಮ?”

“ನಿಮ್ಮ ಡ್ರಮ್ಮಿನ ಊಟ” ಎಂದರು ಅತ್ತೆ.

ಸುಕೇಶ್ ನಕ್ಕು ನೆತ್ತಿಗೆ ಹತ್ತಿಸಿಕೊಂಡು, ನೀರು ಕುಡಿದು ಹೇಳಿದರು: “ಬೆಳ್ಮಣ್‌ನಲ್ಲಿ ನನ್ನ ಭಾವನ ಹೋಟೆಲಿನಲ್ಲಿ ದಿನಾ ಬುಟ್ಟಿಗಟ್ಟಲೆ ಸಿಪ್ಪೆ ಬಿಸಾಡ್ತಾರೆ. ಡ್ರಮ್ ಅಲ್ಲಿಗೆ ಕೊಡ್ತೇನೆ. ನೀವು ಒಮ್ಮೆ ಬಂದು ಅಲ್ಲಿನ ಅಡುಗೆಯವರಿಗೆ ಇದನ್ನು ತೋರಿಸಿಕೊಡ್ತೀರಾ ಅಮ್ಮ?”

ಮುಂದಿನ ಶನಿವಾರ ಅತ್ತೆ ಇಸ್ತ್ರಿ ಮಾಡಿದ ಸೀರೆ ಉಟ್ಟು ಬಸ್ಸಿಗೆ ಹೊರಟು ನಿಂತರು. ಎಲ್ಲವನ್ನೂ ಕಲಿಸಿಬಿಡುತ್ತೀರಾ ಎಂದು ಕೇಳಿದೆ.

“ಹೀರೆ, ಸೌತೆ, ಕಲ್ಲಂಗಡಿ ಹೇಳಿಕೊಡ್ತೇನೆ. ಬಾಳೆಕಾಯಿ ಸಿಪ್ಪೆಯ ಸುದ್ದಿ ಎತ್ತುವುದಿಲ್ಲ” ಎಂದರು ಅತ್ತೆ. “ಪಾಪ, ಆ ಡ್ರಮ್ಮಿಗೂ ಹೊಟ್ಟೆ ಉಂಟು, ಅಲ್ವಾ?”