ಕೈಗೆ ಕಿತ್ತು ಬಂದ ಎಟಿಎಂ ಬಾಯಿ

ಸಿಡ್ನಿಗೆ ಬಂದು ಎರಡು ವರ್ಷವಾಗಿತ್ತು. ಪಿಆರ್‌ಗೆ, ಅಂದರೆ ಅಲ್ಲೇ ಕಾಯಂ ನೆಲೆಸುವ ಪರವಾನಗಿಗೆ, ಅರ್ಜಿ ಹಾಕಿ ಕಾಯುತ್ತಿದ್ದ ಕಾಲ. ಆಗ ನಾನು ಎಷ್ಟು ಸಭ್ಯನಾಗಿದ್ದೆನೆಂದರೆ, ನರಪಿಳ್ಳೆಯಿಲ್ಲದ ರಸ್ತೆಯಲ್ಲೂ ಹಸಿರು ದೀಪ ಬರುವ ತನಕ ದಾಟುತ್ತಿರಲಿಲ್ಲ. ಪೊಲೀಸರ ಕಡತದಲ್ಲಿ ಹೆಸರು ಒಮ್ಮೆ ಬಂತೆಂದರೆ ಗಂಟುಮೂಟೆ ಕಟ್ಟಿಸಿ ಕಳಿಸುತ್ತಾರೆ ಎಂದು ಹೆದರಿಕೊಂಡಿದ್ದೆ.

ಆ ದಿನಗಳಲ್ಲಿ ಎಟಿಎಂ ಕಳ್ಳರ ಸುದ್ದಿ ಜೋರಾಗಿತ್ತು. ಕಾರ್ಡ್ ತೂರಿಸುವ ಬಾಯಿಯ ಮೇಲೆ ಅಂಥದ್ದೇ ಇನ್ನೊಂದನ್ನು ಅಂಟಿಸಿ, ಕಾರ್ಡಿನ ಗುಟ್ಟನ್ನೆಲ್ಲ ನಕಲು ಮಾಡಿಕೊಳ್ಳುತ್ತಿದ್ದರಂತೆ. ನಮ್ಮ ಕನ್ನಡ ಬಳಗದ ಭಾನುವಾರದ ಊಟದಲ್ಲಿ ನಿವೃತ್ತ ಇಂಜಿನಿಯರ್ ಅಂಕಲ್ ಒಬ್ಬರು ಬಿಸಿಬೇಳೆ ಬಾತ್ ಆರಿಹೋಗುವ ತನಕ ಇದನ್ನೇ ವಿವರಿಸಿದರು. "ಕಾರ್ಡ್ ಹಾಕೋ ಮುಂಚೆ ಆ ಬಾಯಿ ಹಿಡ್ಕೊಂಡು ಎಳೀರಿ. ನಿಜವಾದ್ದಾದ್ರೆ ಅಲ್ಲಾಡಲ್ಲ," ಎಂದರು.

ಮರುವಾರ ಪೆಂಡಲ್ ಹಿಲ್ ಬಡಾವಣೆಗೆ ದಿನಸಿ ತರಲು ಹೋದಾಗ ಎಟಿಎಂ ಮುಂದೆ ನಿಂತು ಭಕ್ತಿಯಿಂದ ಎಳೆದೆ. ಅದು ಕಿತ್ತು ಕೈಗೇ ಬಂತು.

ಬಂದರೆ ಏನು ಮಾಡಬೇಕೆಂದು ಅಂಕಲ್ ಹೇಳಿರಲಿಲ್ಲ. ಬ್ಯಾಂಕಿಗೆ ಫೋನ್ ಮಾಡಬೇಕೆಂಬುದು ನನಗೂ ಗೊತ್ತಿತ್ತು. ಆದರೆ ಕಳ್ಳನ ಸಾಮಾನು ನನ್ನ ಕೈಯಲ್ಲಿತ್ತು, ಅದರ ಮೇಲೆ ನನ್ನ ಬೆರಳಚ್ಚಿತ್ತು. ಪೊಲೀಸರು ಬಂದು ಹೆಸರು ಬರೆದುಕೊಂಡರೆ? ಅತ್ತಿತ್ತ ನೋಡಿ, ಕರ್ಚೀಫಿನಿಂದ ಒರೆಸಿ, ಇದ್ದ ಜಾಗಕ್ಕೇ ಒತ್ತಿ ಕೂರಿಸಿದೆ. ಕಳ್ಳ ಕೂಡ ಅಷ್ಟು ನೀಟಾಗಿ ಅಂಟಿಸಿರಲಿಕ್ಕಿಲ್ಲ.

ತಿರುಗಿದರೆ ನಮ್ಮ ಬಳಗದ ಮಂಗಳೂರಿನ ಆಂಟಿ ಕಾರ್ಡ್ ಹಿಡಿದು ನಡೆದು ಬರುತ್ತಿದ್ದರು. "ಆಂಟಿ, ಇಲ್ಲಿ ಕಾರ್ಡ್ ಹಾಕ್ಬೇಡಿ. ಕಳ್ಳರು ಏನೋ ಅಂಟಿಸಿದ್ದಾರೆ," ಎಂದು ಪಿಸುಗುಟ್ಟಿದೆ.

"ಹೌದಾ ಮಾರಾಯ್ರೇ! ನೀವು ಹೇಳಿದ್ದು ಒಳ್ಳೇದಾಯ್ತು," ಎಂದು ಆಂಟಿ ಕಾರ್ಡನ್ನು ಪರ್ಸಿಗೆ ಸೇರಿಸಿ ಹೊರಟುಹೋದರು.

ಅವರ ಹಿಂದೆಯೇ ಬಿಳಿ ಕೂದಲಿನ ಆಸ್ಟ್ರೇಲಿಯನ್ ಅಜ್ಜಿಯೊಬ್ಬರು ಬಂದರು. ಮಷಿನ್ ಸರಿಯಾಗಿದೆಯಾ ಎಂದು ನಗುತ್ತ ಇಂಗ್ಲಿಷಿನಲ್ಲಿ ಕೇಳಿದರು. ಇವರಿಗೆ ಹೇಳಿದರೆ ಪೊಲೀಸರಿಗೆ ದೂರು ಹೋಗುತ್ತದೆ, ದೂರಿಗೆ ಸಾಕ್ಷಿ ಬೇಕಾಗುತ್ತದೆ ಎಂದು ನನ್ನ ತಲೆ ಚಕಚಕನೆ ಓಡಿತು. "ಯೆಸ್, ಯೆಸ್," ಎಂದು ಪಕ್ಕಕ್ಕೆ ಸರಿದು ದಾರಿ ಬಿಟ್ಟೆ. ಅವರು ಥ್ಯಾಂಕ್ಸ್ ಹೇಳಿ ಕಾರ್ಡ್ ತೂರಿಸಿದರು.

ಬಳಗದ ಮುಂದಿನ ಊಟದಲ್ಲಿ ಆಂಟಿ ಎಲ್ಲರೆದುರು ನನ್ನನ್ನು ಹೊಗಳಿದ್ದೇ ಹೊಗಳಿದ್ದು. "ನಮ್ಮವರು ಅಂದ್ರೆ ಹೀಗಿರ್ಬೇಕು ನೋಡಿ," ಎಂದು ಯಾರೋ ಬೆನ್ನು ತಟ್ಟಿದರು. ಉಳಿದವರು ಚಪ್ಪಾಳೆ ಹೊಡೆದರು. ನಾಚಿಕೆಯಿಂದ ತಲೆ ತಗ್ಗಿಸಿ ಕೂತೆ. ಎಲ್ಲರೂ ಅದನ್ನು ವಿನಯ ಎಂದುಕೊಂಡರು.